ಶೂ ಫೋನಿನಿಂದ ಆಸ್ಕರ್‌ವರೆಗೆ: ಮೆಲ್ ಬ್ರೂಕ್ಸ್

ನಾಟಕ ಹಿಟ್ ಆದರೆ ದುಡ್ಡು. ಫ್ಲಾಪ್ ಆದರೆ? ಇನ್ನೂ ಜಾಸ್ತಿ ದುಡ್ಡು! ಹೇಗೆ ಅಂತೀರಾ?

ಲೆಕ್ಕ ನೋಡಿ. ನೂರು ರೂಪಾಯಿಯ ನಾಟಕಕ್ಕೆ ಸಾವಿರ ರೂಪಾಯಿ ಎತ್ತೋದು. ನಾಟಕ ನೆಲಕಚ್ಚಿದರೆ ಲಾಭದ ಪಾಲು ಕೇಳೋರೇ ಇಲ್ಲ. ಉಳಿದದ್ದೆಲ್ಲ ಜೇಬಿಗೆ! ಅದಕ್ಕೇ ಇಬ್ಬರು ಖದೀಮರು ಅತಿ ಕೆಟ್ಟ ನಾಟಕ ಹುಡುಕ್ತಾರೆ. ಸಿಗೋದು ಹಿಟ್ಲರನನ್ನ ಹಾಡಿ ಹೊಗಳೋ ನಾಟಕ. ಗ್ರಹಚಾರ, ಜನ ಅದನ್ನ ತಮಾಷೆ ಅಂದ್ಕೊಂಡು ಬಿದ್ದು ಬಿದ್ದು ನಗ್ತಾರೆ!

ಇದು ‘ದಿ ಪ್ರೊಡ್ಯೂಸರ್ಸ್’ ಸಿನಿಮಾ. ಬರೆದು ನಿರ್ದೇಶಿಸಿದವರು ಮೆಲ್ ಬ್ರೂಕ್ಸ್. ಯಹೂದಿ, ಎರಡನೇ ಮಹಾಯುದ್ಧದಲ್ಲಿ ಅಮೆರಿಕದ ಸೈನಿಕ. ಹಿಟ್ಲರನನ್ನ ಗೇಲಿ ಮಾಡೋಕೆ ಇವರಿಗಿಂತ ಹಕ್ಕುಳ್ಳವರು ಯಾರಿದ್ದಾರೆ ಹೇಳಿ.

ಬ್ರೂಕ್ಸ್ ಬರೆದು ಪಳಗಿದ್ದು ಮಾತ್ರ ಟೀವಿಯಲ್ಲಿ. 1950ರಲ್ಲಿ ಶುರುವಾದ ‘ಯುವರ್ ಶೋ ಆಫ್ ಶೋಸ್’, ಶನಿವಾರ ರಾತ್ರಿ ಒಂದೂವರೆ ಗಂಟೆ ನೇರಪ್ರಸಾರ. ರೀಟೇಕೇ ಇಲ್ಲ! ಜೋಕ್ ಬಿದ್ದರೆ ಬಿತ್ತು. ಆಮೇಲೆ 1965ರಲ್ಲಿ ಬರಹಗಾರ ಬಕ್ ಹೆನ್ರಿ ಜೊತೆ ಸೇರಿ ಹುಟ್ಟುಹಾಕಿದ್ದು ‘ಗೆಟ್ ಸ್ಮಾರ್ಟ್’. ಅದರ ಗೂಢಚಾರ ಕಾಲಿನ ಶೂ ಬಿಚ್ಚಿ, ಹಿಮ್ಮಡಿ ಸರಿಸಿ, ಕಿವಿಗಿಟ್ಟು ಫೋನಲ್ಲಿ ಮಾತಾಡ್ತಾನೆ. ಮುಖದಲ್ಲಿ ಒಂಚೂರೂ ನಗು ಇಲ್ಲ. ಬ್ರೂಕ್ಸ್ ಗುಟ್ಟು ಅದೇ ಅನ್ಸುತ್ತೆ ನನಗೆ: ಹುಚ್ಚಾಟವನ್ನ ಗಂಭೀರವಾಗಿ ಆಡೋದು.

ಮೊದಲ ಸಿನಿಮಾ ‘ದಿ ಪ್ರೊಡ್ಯೂಸರ್ಸ್’ ಚಿತ್ರಕಥೆಗೇ ಆಸ್ಕರ್! ಆ ಸಲ ಎದುರಿಗಿದ್ದದ್ದು ಕುಬ್ರಿಕ್‌ರ ‘2001: ಎ ಸ್ಪೇಸ್ ಒಡಿಸ್ಸಿ’. 1974ರಲ್ಲಂತೂ ‘ಬ್ಲೇಜಿಂಗ್ ಸ್ಯಾಡಲ್ಸ್’, ‘ಯಂಗ್ ಫ್ರಾಂಕೆನ್‌ಸ್ಟೈನ್’, ಒಂದೇ ವರ್ಷ ಎರಡೂ ಹಿಟ್.

ಆದರೆ 1980ರಲ್ಲಿ ಇವರ ಕಂಪನಿ ಡೇವಿಡ್ ಲಿಂಚ್ ಕೈಲಿ ‘ದಿ ಎಲಿಫೆಂಟ್ ಮ್ಯಾನ್’ ಅನ್ನೋ ಗಂಭೀರ ಸಿನಿಮಾ ಮಾಡಿಸಿದಾಗ, ಬ್ರೂಕ್ಸ್ ತಮ್ಮ ಹೆಸರನ್ನೇ ಹಾಕಿಸಲಿಲ್ಲ. ಹೆಸರು ಕಂಡರೆ ಜನ ಕಾಮಿಡಿ ಅಂದ್ಕೊಂಡು ಬಂದ್ಬಿಡ್ತಾರಲ್ಲ!