ಗಾರ್ಸ್ ಗಿಡದ ಸಿಡಿಗಾಯಿ

ಅವರೆ, ತೊಗರಿ, ಕಡಲೆಗಳನ್ನು ದಿನವೂ ಕಾಣುವ ನಮಗೆ, ಅವುಗಳ ಬಂಧುವೊಂದು ಮೈಯೆಲ್ಲ ಮುಳ್ಳಾಗಿ ಬೆಟ್ಟದ ಮೇಲೆ ನಿಂತಿದೆಯೆಂದರೆ ಒಡನೆ ನಂಬಿಕೆ ಬಾರದು. ನೀಲಗಿರಿ ಬೆಟ್ಟಗಳಲ್ಲಿ, ಸಮುದ್ರಮಟ್ಟದಿಂದ 2000 ಮೀಟರಿಗೂ ಎತ್ತರದಲ್ಲಿ, ಉದಕಮಂಡಲದ ಸುತ್ತಣ ಹುಲ್ಲುಗಾವಲುಗಳಲ್ಲಿ ಅಂಥ ಪೊದೆಯೊಂದುಂಟು. ಅದರ ಹೆಸರು ಗಾರ್ಸ್. ಸಸ್ಯಶಾಸ್ತ್ರಜ್ಞರು ಅದನ್ನು ಯೂಲೆಕ್ಸ್ ಯೂರೋಪಿಯಸ್ ಎಂದು ಕರೆಯುವರು. ತವರು ಪಶ್ಚಿಮ ಯೂರೋಪು. 19ನೆಯ ಶತಮಾನದಲ್ಲಿ ಬ್ರಿಟಿಷರೊಡನೆ ಅದು ಇಲ್ಲಿಗೆ ಬಂದಿತು. ಹೂವು ಅಚ್ಚ ಹಳದಿ, ಆಕಾರದಲ್ಲಿ ಅವರೆಯ ಹೂವಿನಂತೆಯೇ; ಅದರ ಕಂಪು ತೆಂಗಿನಕಾಯಿಯನ್ನು ನೆನಪಿಗೆ ತರುತ್ತದೆ. ಬೆಳೆದ ಗಿಡದಲ್ಲಿ ಎಲೆಗಳು ಮುಳ್ಳಾಗಿ ಮಾರ್ಪಟ್ಟಿರುತ್ತವೆ. ಎಲೆ ಮಾಡಬೇಕಾದ ಕೆಲಸವನ್ನು ಹಸುರು ಮುಳ್ಳುಗಳೂ ರೆಂಬೆಗಳೂ ಮಾಡುತ್ತವೆ.

ಭೌತವಿಜ್ಞಾನದ ವಿದ್ಯಾರ್ಥಿಗಳಾದ ನಮಗೆ ಈ ಗಿಡದಲ್ಲಿ ಎಲ್ಲಕ್ಕಿಂತ ಸ್ವಾರಸ್ಯವಾಗಿ ತೋರುವುದು ಅದರ ಕಾಯಿ. ಬೆರಳಿನ ಒಂದು ಗೆಣ್ಣಿಗಿಂತ ಉದ್ದವಿಲ್ಲದ, ರೋಮ ತುಂಬಿದ ಈ ಕಾಯಿ ಒಣಗಿ ಕಪ್ಪಾದ ಮೇಲೆ, ಬಿಸಿಲೇರಿದ ಹೊತ್ತಿನಲ್ಲಿ ಚಟ್ಟೆಂದು ಸಿಡಿಯುತ್ತದೆ. ಈ ಬಲ ಎಲ್ಲಿಂದ ಬಂದಿತು? ಕಾಯಿಯ ಸಿಪ್ಪೆಯಲ್ಲಿ ಒಂದರ ಮೇಲೊಂದು ಪದರಗಳಿವೆ. ಒಂದು ಪದರದ ನಾರುಗಳು ಒಂದು ಓರೆಗೆ ಹಾಯ್ದಿದ್ದರೆ, ಇನ್ನೊಂದರ ನಾರುಗಳು ಬೇರೊಂದು ಓರೆಗೆ ಹಾಯ್ದಿರುತ್ತವೆ. ಒಣಗುವ ನಾರು ಉದ್ದಕ್ಕೆ ಕುಗ್ಗುವುದು ಅತ್ಯಲ್ಪ, ಅಡ್ಡಕ್ಕೆ ಬಹಳ. ಆದುದರಿಂದ ಎರಡು ಪದರಗಳೂ ಬೇರೆ ಬೇರೆ ದಿಕ್ಕಿನಲ್ಲಿ ಸಿಪ್ಪೆಯನ್ನು ಎಳೆಯುತ್ತವೆ. ಸಿಪ್ಪೆ ತಿರುಚಿಕೊಳ್ಳಲು ಹವಣಿಸುತ್ತದೆ, ಆದರೆ ಕಾಯಿಯ ಹೊಲಿಗೆ ಅದನ್ನು ತಡೆದಿರುತ್ತದೆ. ಗಡಿಯಾರದ ಸುರುಳಿಗೆ ಕೀಲಿ ಕೊಟ್ಟಂತೆ ಪ್ರಚ್ಛನ್ನ ಶಕ್ತಿ ಕೂಡುತ್ತ ಹೋಗಿ, ಹೊಲಿಗೆ ಬಿರಿದ ಕ್ಷಣವೇ ಎರಡು ಹೋಳುಗಳೂ ಸುರುಳಿಯಾಗಿ ತಿರುಚಿ ಬೀಜಗಳನ್ನು ಚಿಮ್ಮುತ್ತವೆ. ಮಂದಾರದ ಮರದ ಕೆಳಗೆ ಬಿದ್ದಿರುವ ತಿರುಚಿದ ಹೋಳುಗಳನ್ನು ಎತ್ತಿ ನೋಡಿದರೆ ಇದೇ ತಂತ್ರ ಕಾಣುವುದು. ಹೆಸರುಕಾಯಿಯನ್ನು ನಮ್ಮ ರೈತರು ಬೆಳಗಿನ ತಂಪಿನಲ್ಲಿ ಬಿಡಿಸುವುದೂ ಇದಕ್ಕಾಗಿಯೇ: ಇಬ್ಬನಿಯ ತೇವವಿರುವಾಗ ಸಿಪ್ಪೆಯ ಬಿಗಿ ಸಡಿಲವಾಗಿರುತ್ತದೆ.

ಗಾರ್ಸಿನ ಬೀಜ 5 ಮೀಟರಿನಷ್ಟು ದೂರ ಹಾರಬಲ್ಲದು. 45 ಡಿಗ್ರಿ ಕೋನದಲ್ಲಿ ಎಸೆದ ವಸ್ತು ಅಷ್ಟು ದೂರ ಹೋಗಬೇಕಾದರೆ, ದೂರವನ್ನು ಗುರುತ್ವದ 9.8ರಿಂದ ಗುಣಿಸಿ ವರ್ಗಮೂಲ ತೆಗೆದಾಗ, ಸೆಕೆಂಡಿಗೆ 7 ಮೀಟರ್ ವೇಗ ಬೇಕು. ಗಾಳಿಯ ತಡೆಯನ್ನು ಗಣಿಸಿದರೆ ಇನ್ನೂ ಹೆಚ್ಚು. ಸ್ನಾಯುವೇ ಇಲ್ಲದ ಗಿಡಕ್ಕೆ ಇದು ಸಣ್ಣ ಸಾಹಸವಲ್ಲ!

ಆದರೆ ಈ ಸಾಹಸದ ಬೆಲೆ ತೆರುವುದು ಹುಲ್ಲುಗಾವಲು. ನೀಲಗಿರಿಯ ತಾರ್ ಎಂಬ ಕಾಡುಮೇಕೆ ಮೇಯುವುದು ಅಲ್ಲಿನ ಹುಲ್ಲನ್ನು. ಗಾರ್ಸಿನ ಪೊದೆ ದಟ್ಟವಾಗಿ ಹಬ್ಬಿದೆಡೆ ಬುಡಕ್ಕೆ ಬಿಸಿಲು ತಾಗದೆ ಹುಲ್ಲು ಅಳಿಯುತ್ತದೆ. ಬೇರೆ ದೇಶಗಳಲ್ಲಿಯೂ ಕಥೆ ಹೀಗೆಯೇ. ನ್ಯೂಜಿಲೆಂಡಿನಲ್ಲಿ ಬೇಲಿಗೆಂದು ನೆಟ್ಟಿದ್ದ ಗಾರ್ಸನ್ನು ಡಾರ್ವಿನ್ 1835ರಲ್ಲಿ ಕಂಡು ಬರೆದಿದ್ದಾನೆ. ಅಲ್ಲಿ ಬೇಲಿಯೇ ಎದ್ದು ಹೊಲವನ್ನು ಮೇದಿತು. 1931ರಲ್ಲಿ ಅದರ ಬೀಜ ತಿನ್ನುವ ಮೂತಿಹುಳುವನ್ನು ಹೊರಗಿನಿಂದ ತರಬೇಕಾಯಿತು.

ಸುಟ್ಟುಬಿಡಬಾರದೆ ಎಂದು ಕೇಳಬಹುದು. ಗಾರ್ಸಿನಲ್ಲಿ ಎಣ್ಣೆಯ ಅಂಶವಿದೆ, ಪೊದೆಯೊಳಗೆ ಒಣಕಡ್ಡಿ ತುಂಬಿರುತ್ತದೆ. ಬೆಂಕಿ ಹಿಡಿತಕ್ಕೆ ಸಿಕ್ಕದು. 1936ರಲ್ಲಿ ಅಮೆರಿಕದ ಆರೆಗನ್ ರಾಜ್ಯದ ಬ್ಯಾಂಡನ್ ಪಟ್ಟಣ ಕಾಡ್ಗಿಚ್ಚಿಗೆ ಉರಿದುಹೋದಾಗ ಊರೊಳಗಿನ ಗಾರ್ಸೇ ಉರುವಲಾಯಿತು. ಸುಟ್ಟ ಮೇಲೂ ಬುಡ ಚಿಗುರುತ್ತದೆ. ಬೆಂಕಿಯ ಶಾಖದಿಂದ ನೆಲದೊಳಗಿನ ಬೀಜಗಳು ಮೊಳೆಯಲು ತೊಡಗುತ್ತವೆ. ಗಟ್ಟಿ ಹೊಟ್ಟಿನ ಆ ಬೀಜಗಳು ಮಣ್ಣಿನಲ್ಲಿ 30 ವರ್ಷ ಜೀವದಿಂದಿರಬಲ್ಲವು.

ಆದುದರಿಂದ ಕಾಯಿ ಬಲಿಯುವ ಮುನ್ನವೇ ಗಿಡವನ್ನು ಬೇರುಸಹಿತ ಕಿತ್ತು, ಅದೇ ನೆಲಕ್ಕೆ ವರ್ಷವರ್ಷವೂ ಮರಳಿ ಹೋಗಿ ಸಸಿಗಳನ್ನು ಹುಡುಕಬೇಕು. ಸಸಿಯನ್ನು ಗುರುತಿಸುವುದರಲ್ಲಿ ಮಾತ್ರ ಎಚ್ಚರ ಬೇಕು: ಮೊದಲ ದಿನಗಳಲ್ಲಿ ಅದಕ್ಕೆ ಮುಳ್ಳಿರದು, ಮೂರು ಮೂರು ಕಿರುದಳಗಳ ಮೃದುವಾದ ಎಲೆಗಳಿರುತ್ತವೆ.