ಆಟದ ಹಬ್ಬ ಮುಗಿಯುವ ಮುನ್ನ

ಪ್ರತಿ ತಿಂಗಳು 22ನೇ ತಾರೀಕು ಮಧ್ಯಾಹ್ನ ಒಂದೂವರೆಗೆ ನಮ್ಮ ಹಾಸ್ಟೆಲ್ ಗೆಳೆಯರ ವಾಟ್ಸಾಪ್ ಗುಂಪಿಗೆ ಜೀವ ಬರುತ್ತದೆ. ಅಲ್ಲಿಯವರೆಗೆ ಗುಡ್ ಮಾರ್ನಿಂಗ್ ಚಿತ್ರಗಳು, ಯಾರದೋ ಗೃಹಪ್ರವೇಶದ ಆಮಂತ್ರಣ, ಅದಕ್ಕೆ ಕೈಮುಗಿಯುವ ಎಮೋಜಿಗಳು, ಅಷ್ಟೇ. 22ಕ್ಕೆ ಮಾತ್ರ ಒಬ್ಬ ತಪ್ಪದೆ ಬರೆಯುತ್ತಾನೆ: 'ಶುರುವಾತು, ಬರ್ರಲೇ.' ದಾವಣಗೆರೆಯಲ್ಲಿ ಒಟ್ಟಿಗೆ ಇಂಜಿನಿಯರಿಂಗ್ ಓದಿದ ನಾವು ಈಗ ಪುಣೆ, ಹೈದರಾಬಾದ್, ಚೆನ್ನೈ, ಗುರುಗ್ರಾಮಗಳಿಗೆ ಹಂಚಿಹೋಗಿದ್ದೇವೆ. ಇಬ್ಬರು ಮಾತ್ರ ಊರಲ್ಲೇ ಉಳಿದಿದ್ದಾರೆ. ಆರು ದಿನಗಳ ಮಟ್ಟಿಗೆ ನಮ್ಮನ್ನು ಒಂದು ಕಡೆ ಸೇರಿಸುವುದು 'ಕ್ಲಾಶ್ ಆಫ್ ಕ್ಲ್ಯಾನ್ಸ್' ಆಟದೊಳಗಿನ 'ಕ್ಲ್ಯಾನ್ ಗೇಮ್ಸ್'.

ಆಟ ಗೊತ್ತಿಲ್ಲದವರಿಗೆ ಎರಡು ಮಾತು. ಇದು ಫಿನ್ಲೆಂಡಿನ ಸೂಪರ್‌ಸೆಲ್ ಕಂಪನಿ 2012ರಲ್ಲಿ ತಂದ ಮೊಬೈಲ್ ಆಟ. ಪ್ರತಿಯೊಬ್ಬ ಆಟಗಾರನಿಗೂ ಒಂದು ಹಳ್ಳಿ. ಗೋಡೆ, ಫಿರಂಗಿ, ಚಿನ್ನದ ಗಣಿ ಕಟ್ಟುತ್ತಾ, ಬೇರೆಯವರ ಹಳ್ಳಿಯ ಮೇಲೆ ದಾಳಿ ಮಾಡುತ್ತಾ ಬೆಳೆಯಬೇಕು. ಐವತ್ತು ಜನರವರೆಗೆ ಸೇರಿ ಒಂದು ಕ್ಲ್ಯಾನ್, ಅಂದರೆ ಒಂದು ಬಳಗ ಕಟ್ಟಿಕೊಳ್ಳಬಹುದು. 2017ರ ಡಿಸೆಂಬರಿನಲ್ಲಿ ಶುರುವಾದ ಕ್ಲ್ಯಾನ್ ಗೇಮ್ಸ್ ತಿಂಗಳ 22ರಿಂದ 28ರವರೆಗೆ ನಡೆಯುತ್ತದೆ. ಚಿಕ್ಕಪುಟ್ಟ ಸವಾಲುಗಳಿರುತ್ತವೆ: ಇಂತಿಷ್ಟು ನಕ್ಷತ್ರ ಗೆಲ್ಲು, ಇಂಥ ಸೈನಿಕರನ್ನು ಬಳಸಿ ದಾಳಿ ಮಾಡು, ಹೀಗೆ. ಎಲ್ಲರ ಅಂಕ ಒಂದೇ ಹುಂಡಿಗೆ ಬೀಳುತ್ತದೆ. ಹುಂಡಿ ತುಂಬಿದಷ್ಟೂ ಬಹುಮಾನ ಹೆಚ್ಚು.

ಇಲ್ಲಿ ಒಂದು ಸಣ್ಣ ಲೆಕ್ಕವಿದೆ, ಬಹಳ ಕ್ಲ್ಯಾನ್‌ಗಳು ಅದನ್ನು ಮಾಡುವುದೇ ಇಲ್ಲ. ನಾವು ಆಡುವ ಮಟ್ಟದಲ್ಲಿ ಮೇಲಿನ ಹಂತ ಮುಟ್ಟಲು 50,000 ಅಂಕ ಬೇಕು. ಒಬ್ಬರು ಗಳಿಸಬಹುದಾದದ್ದು ಹೆಚ್ಚೆಂದರೆ 4,000. ಭಾಗಿಸಿದರೆ ಹನ್ನೆರಡೂವರೆ. ಅಂದರೆ ಹದಿಮೂರು ಜನ ಕೈಜೋಡಿಸಲೇಬೇಕು. ಒಬ್ಬ ಎಷ್ಟೇ ನಿದ್ದೆಗೆಟ್ಟು ಆಡಿದರೂ ಇನ್ನೊಬ್ಬನ ಪಾಲು ತುಂಬಲಾರ. ನಾವು ಹತ್ತೊಂಬತ್ತು ಜನ. ಅದರಲ್ಲಿ ಇಬ್ಬರು ಯಾವಾಗಲೂ ಆನ್‌ಸೈಟ್ ಕೆಲಸದಲ್ಲೋ, ಮಗುವಿನ ನಾಮಕರಣದ ಗಡಿಬಿಡಿಯಲ್ಲೋ ಇರುತ್ತಾರೆ. ಉಳಿದವರಿಗೆ ದಿನಕ್ಕೆ ಸುಮಾರು 670 ಅಂಕದ ಗುರಿ. ಕೊನೆಯ ದಿನವನ್ನು ನಾವು ಲೆಕ್ಕಕ್ಕೇ ಹಿಡಿಯುವುದಿಲ್ಲ. ಏಕೆಂದರೆ 28ರಂದು ಆಟ ಮುಗಿಯುವುದೂ ಮಧ್ಯಾಹ್ನ ಒಂದೂವರೆಗೆ. ಆ ಹೊತ್ತಿಗೆ ಅರ್ಧ ಜನ ಮೀಟಿಂಗಿನಲ್ಲಿರುತ್ತಾರೆ.

ಈ ಒಂದೂವರೆ ಗಂಟೆ ಎಲ್ಲಿಂದ ಬಂತು ಎಂದರೆ, ಆಟದ ಗಡಿಯಾರ ಯುಟಿಸಿ ಪ್ರಕಾರ ಬೆಳಿಗ್ಗೆ ಎಂಟಕ್ಕೆ ತೆರೆದು ಎಂಟಕ್ಕೇ ಮುಚ್ಚುತ್ತದೆ. ನಾವು ಐದೂವರೆ ಗಂಟೆ ಮುಂದೆ. ಸಮಯಮಿತಿಯ ಯಾವ ಆಟದ ಹಬ್ಬವಾದರೂ ಮೊದಲು ಮಾಡಬೇಕಾದ ಕೆಲಸ ಇದು: ಶುರು ಮತ್ತು ಕೊನೆಯ ಹೊತ್ತನ್ನು ನಮ್ಮ ಗಡಿಯಾರಕ್ಕೆ ಇಳಿಸಿ ಫೋನಿನ ಕ್ಯಾಲೆಂಡರಿನಲ್ಲಿ ಬರೆದಿಡುವುದು. 'ಜೆನ್‌ಶಿನ್ ಇಂಪ್ಯಾಕ್ಟ್' ಆಡುವವರಿಗೆ ಇದು ಇನ್ನೂ ಮುಖ್ಯ. ಅದರ ಏಷ್ಯಾ ಸರ್ವರ್ ನಮಗಿಂತ ಎರಡೂವರೆ ಗಂಟೆ ಮುಂದಿದೆ. ಅಲ್ಲಿ ದಿನ ಬದಲಾಗುವುದು ಬೆಳಗಿನ ಜಾವ ನಾಲ್ಕಕ್ಕೆ, ಅಂದರೆ ನಮಗೆ ರಾತ್ರಿ ಒಂದೂವರೆ. ಹಾಗಾಗಿ 'ಇಂಥ ತಾರೀಕಿಗೆ ಕೊನೆ, 3:59' ಎಂದು ಬರೆದಿದ್ದರೆ ನಮ್ಮ ಲೆಕ್ಕದಲ್ಲಿ ಅದು ಹಿಂದಿನ ದಿನದ ರಾತ್ರಿ. ಬೆಳಿಗ್ಗೆ ಕಾಫಿ ಕುಡಿದು ನಿಧಾನವಾಗಿ ಕೂತರಾಯಿತು ಎಂದುಕೊಂಡವರಿಗೆ ಸಿಗುವುದು ಖಾಲಿ ಪರದೆ.

ಜೆನ್‌ಶಿನ್ ನನ್ನ ಆಟವಲ್ಲ, ಅಕ್ಕನ ಮಗನದು. ಹಾಸನದಿಂದ ಬಂದು ಇಲ್ಲಿ ಪುಣೆಯಲ್ಲಿ ಓದುತ್ತಿದ್ದಾನೆ, ಪಿ.ಜಿ.ಯಲ್ಲಿದ್ದಾನೆ, ಶನಿವಾರ ಊಟಕ್ಕೆ ನಮ್ಮ ಮನೆಗೆ ಬರುತ್ತಾನೆ. ಹೋದ ವರ್ಷ ಒಂದು ಶನಿವಾರ ಅನ್ನ ಸಾರು ಕಲಸುತ್ತಲೇ ಹೇಳಿದ: "ಮಾಮ, ಇನ್ನು ಆರು ಗಂಟೆ ಇದೆ. ಈಗ ಬಿಟ್ರೆ ಮತ್ತೆ ಯಾವಾಗ ಬರ್ತಾಳೋ ಗೊತ್ತಿಲ್ಲ."

ಬರಬೇಕಾದವಳು ಆಟದ ಒಂದು ಪಾತ್ರ. ಜೆನ್‌ಶಿನ್‌ನಲ್ಲಿ ಹೊಸ ಪಾತ್ರಗಳು 'ಬ್ಯಾನರ್' ಎಂಬ ಲಾಟರಿಯಲ್ಲಿ ಬರುತ್ತವೆ, ಸುಮಾರು ಮೂರು ವಾರ ಇದ್ದು ಹೋಗುತ್ತವೆ. ಒಂದು ಸಲ ಎಳೆಯಲು 160 ಪ್ರಿಮೊಜೆಮ್. ದೊಡ್ಡ ಪಾತ್ರ ಸಿಗುವ ಸಾಧ್ಯತೆ ನೂರಕ್ಕೆ 0.6. ಆದರೆ 90 ಸಲ ಎಳೆಯುವುದರೊಳಗೆ ಒಂದು ಸಿಕ್ಕೇ ಸಿಗುತ್ತದೆ. ಅದು ನಮಗೆ ಬೇಕಾದದ್ದೇ ಆಗಿರಬೇಕೆಂದಿಲ್ಲ. ಬೇರೆಯದು ಬಂದರೆ ಮುಂದಿನದು ಮಾತ್ರ ಖಾತರಿ. ಅಂದರೆ ಸೊನ್ನೆಯಿಂದ ಶುರುಮಾಡಿದವನ ಅದೃಷ್ಟ ಪೂರ್ತಿ ಕೆಟ್ಟರೆ 180 ಸಲ, 28,800 ಪ್ರಿಮೊಜೆಮ್. ಇದನ್ನೆಲ್ಲ ದುಡ್ಡು ಕೊಟ್ಟೇ ಕೊಳ್ಳುತ್ತೇನೆ ಎಂದರೆ, 99.99 ಡಾಲರಿನ ದೊಡ್ಡ ಪ್ಯಾಕಿನಲ್ಲಿ ಸಿಗುವುದು 8,080. ನಾಲ್ಕು ಪ್ಯಾಕು ಬೇಕು. ನಾನೂರು ಡಾಲರ್, ಒಂದು ಪಾತ್ರಕ್ಕೆ!

ನಾನು ಬೈಯಲು ಹೋಗಲಿಲ್ಲ. ಪೇಪರು ತೆಗೆದುಕೊಂಡೆ. "ಈ ಸಲ ಎಷ್ಟು ಎಳೆದಿದ್ದೀಯ?" ಐವತ್ತೆರಡು. "ಹಿಂದಿನ ಸಲ ಬಂದದ್ದು?" ಬೇರೆ ಯಾರೋ, ಹಾಗಾಗಿ ಈ ಸಲ ಖಾತರಿ. "ಕೈಯಲ್ಲಿ ಎಷ್ಟಿದೆ?" 2,400, ಹದಿನೈದು ಸಲಕ್ಕೆ ಆಗುವಷ್ಟು. 90ರಿಂದ 52 ಕಳೆದರೆ 38, ಅದರಲ್ಲಿ 15 ಹೋದರೆ ಇನ್ನೂ 23 ಸಲದ ದುಡ್ಡು ಕೈಯಿಂದ ಹಾಕಬೇಕಾಗಬಹುದು. ಅದಕ್ಕೆ ಸರಿಯಾಗಿ ಹೊಂದುವ ಪ್ಯಾಕ್ 49.99 ಡಾಲರಿನದು, ನಾಲ್ಕು ಸಾವಿರ ರೂಪಾಯಿಗೂ ಮೇಲೆ. ಅವನ ಮೆಸ್ಸಿನ ತಿಂಗಳ ಬಿಲ್ಲು ಹೆಚ್ಚುಕಡಿಮೆ ಅಷ್ಟೇ. ಅವನು ಆ ಪೇಪರನ್ನು ಸುಮಾರು ಹೊತ್ತು ನೋಡಿದ. ಅವನಿಗೂ ಗೊತ್ತಿದ್ದ, ಆದರೆ ಆ ಆರು ಗಂಟೆಯ ಗಡಿಯಾರ ಮರೆಸಿದ್ದ ಸಂಗತಿ ಒಂದಿತ್ತು: ಎಳೆದ ಲೆಕ್ಕ ಬ್ಯಾನರ್ ಮುಗಿದರೂ ಅಳಿಯುವುದಿಲ್ಲ, ಅದೇ ಬಗೆಯ ಮುಂದಿನ ಬ್ಯಾನರಿಗೆ ಹಾಗೇ ಸಾಗುತ್ತದೆ. ಹೋದ ಪಾತ್ರಗಳೂ ಸಾಮಾನ್ಯವಾಗಿ ಕೆಲವು ತಿಂಗಳಲ್ಲೋ ವರ್ಷದಲ್ಲೋ ತಿರುಗಿ ಬರುತ್ತವೆ. ಅವನು ಆವತ್ತು ಎಳೆಯಲೇ ಇಲ್ಲ. ಎರಡು ತಿಂಗಳ ನಂತರ ಇನ್ನೂ ಇಷ್ಟವಾದ ಪಾತ್ರವೊಂದು ಬಂದಾಗ, ಆಡಿ ಗಳಿಸಿದ ಜೆಮ್‌ಗಳಲ್ಲೇ ಅವಳನ್ನು ಕರೆತಂದ.

ನಾನು ಆಟದ ಕಂಪನಿಯಲ್ಲಿಲ್ಲ, ಆದರೆ ಆ್ಯಪ್ ತಯಾರಿಸುವವರ ಭಾಷೆ ನನಗೂ ಗೊತ್ತು. ದಿನಕ್ಕೆ ಎಷ್ಟು ಜನ ತೆರೆದರು, ಏಳನೇ ದಿನ ಎಷ್ಟು ಜನ ಉಳಿದರು, ನಮ್ಮ ಬೆಳಗಿನ ಸ್ಟ್ಯಾಂಡಪ್‌ಗಳಲ್ಲೂ ಇದೇ ಪಾರಾಯಣ. ಪರದೆಯ ಮೂಲೆಯಲ್ಲಿ ಇಳಿಯುವ ಗಡಿಯಾರ ಇಡುವುದು ಇದಕ್ಕೇ. ಕೇಂದ್ರ ಗ್ರಾಹಕ ರಕ್ಷಣಾ ಪ್ರಾಧಿಕಾರ 2023ರ ನವೆಂಬರಿನಲ್ಲಿ ಹೊರಡಿಸಿದ ಮಾರ್ಗಸೂಚಿಯಲ್ಲಿ ಗ್ರಾಹಕರನ್ನು ದಾರಿ ತಪ್ಪಿಸುವ 13 ಬಗೆಯ 'ಡಾರ್ಕ್ ಪ್ಯಾಟರ್ನ್'ಗಳ ಪಟ್ಟಿ ಇದೆ. ಅದರಲ್ಲಿ ಮೊದಲನೆಯದೇ ಸುಳ್ಳು ತುರ್ತು. ಆಟದ ಹಬ್ಬ ಹೇಳಿದ ದಿನಕ್ಕೆ ನಿಜವಾಗಿಯೂ ಮುಗಿಯುತ್ತದೆ, ಹಾಗಾಗಿ ಎಲ್ಲವನ್ನೂ ಸುಳ್ಳು ಎನ್ನಲಾಗದು. ಆದರೆ 'ಮುಗಿಯುತ್ತದೆ' ಎಂಬುದಕ್ಕೂ 'ಮತ್ತೆ ಸಿಗುವುದಿಲ್ಲ' ಎಂಬುದಕ್ಕೂ ವ್ಯತ್ಯಾಸವಿದೆ. ಆ ವ್ಯತ್ಯಾಸ ಗಡಿಯಾರದ ಪಕ್ಕ ಬರೆದಿರುವುದಿಲ್ಲ, ನಾವೇ ಹುಡುಕಿಕೊಳ್ಳಬೇಕು.

'ಪೋಕೆಮಾನ್ ಗೋ' ಇದಕ್ಕೆ ಒಳ್ಳೆಯ ಉದಾಹರಣೆ. 2018ರ ಜನವರಿಯಿಂದ ಅದರಲ್ಲಿ ತಿಂಗಳಿಗೊಮ್ಮೆ 'ಕಮ್ಯುನಿಟಿ ಡೇ' ನಡೆಯುತ್ತಿದೆ. ಸಾಮಾನ್ಯವಾಗಿ ವಾರಾಂತ್ಯದ ಒಂದು ದಿನ, ಸ್ಥಳೀಯ ಸಮಯ ಮಧ್ಯಾಹ್ನ ಎರಡರಿಂದ ಐದು. ಆ ಮೂರು ಗಂಟೆ ಒಂದೇ ಪೋಕೆಮಾನ್ ಎಲ್ಲೆಲ್ಲೂ ಕಾಣಿಸುತ್ತದೆ, ಬಣ್ಣ ಬೇರೆಯಾದ ಅಪರೂಪದ 'ಶೈನಿ' ಸಿಗುವ ಅವಕಾಶ ಹೆಚ್ಚಿರುತ್ತದೆ. ಆ ಹೊತ್ತಿನಲ್ಲಿ ಅದನ್ನು ಬೆಳೆಸಿದರೆ ವಿಶೇಷ ಪಟ್ಟೊಂದು ಕಲಿಯುತ್ತದೆ. ಬಿಟ್ಟುಹೋಯಿತೇ? ಡಿಸೆಂಬರಿನ ಕಮ್ಯುನಿಟಿ ಡೇ ಎರಡು ದಿನದ್ದು, ವರ್ಷವಿಡೀ ಬಂದು ಹೋದವು ಆಗ ಇನ್ನೊಮ್ಮೆ ಬರುತ್ತವೆ. ಆದ್ದರಿಂದ ಜುಲೈ ಮಳೆಯಲ್ಲಿ ಮಗಳನ್ನು ನೆನೆಸಿಕೊಂಡು ಓಡುವ ಅಗತ್ಯ ನನಗೆ ಕಾಣುವುದಿಲ್ಲ. ಒಣ ಭಾನುವಾರವಾದರೆ ಸಾರಸ್‌ಬಾಗಿಗೆ ಹೋಗುತ್ತೇವೆ. ಅವಳಿಗೆ ಒಂಬತ್ತು ವರ್ಷ. ಫೋನು ನನ್ನದು, ಚೆಂಡು ಎಸೆಯುವ ಕೈ ಅವಳದು.

ಇದಕ್ಕೆ ತಯಾರಿ ಬೇಕು, ಅದೂ ಹಿಂದಿನ ರಾತ್ರಿಯೇ. ಹಳೆಯ, ಕೆಲಸಕ್ಕೆ ಬಾರದ ಪೋಕೆಮಾನ್‌ಗಳನ್ನು ಬಿಟ್ಟುಕೊಟ್ಟು ಜಾಗ ಮಾಡಿಕೊಳ್ಳಬೇಕು. ಮೂರು ಗಂಟೆಯ ಹಬ್ಬದಲ್ಲಿ ಅರ್ಧ ಗಂಟೆ ಇದನ್ನೇ ಮಾಡುತ್ತಾ ಕೂರುವವರನ್ನು ಪಾರ್ಕಿನಲ್ಲಿ ಪ್ರತಿ ಸಲ ನೋಡುತ್ತೇನೆ. ಚೆಂಡುಗಳ ದಾಸ್ತಾನು, ಪವರ್ ಬ್ಯಾಂಕು, ನೀರಿನ ಬಾಟಲಿ, ಇಷ್ಟಿದ್ದರೆ ಸಾಕು. ಒಮ್ಮೆ ಅಲ್ಲೇ ಬೆಂಚಿನ ಮೇಲೆ ಹುಡುಗನೊಬ್ಬ ಫೋನಿನಲ್ಲಿ ಅವ್ವನ ಜೊತೆ ಮಾತಾಡುತ್ತಿದ್ದ. ಧಾಟಿ ಕೇಳಿ 'ಯಾವೂರು?' ಎಂದೆ. ಇಂಡಿ ತಾಲ್ಲೂಕು. ಮಾತು ಮುಗಿಸಿ ಎದ್ದವನೇ, "ಬರ್ರಿ ಸರ, ಆ ಕಡೆ ರೇಡ್ ಐತಿ, ಇಬ್ರು ಕಮ್ಮಿ ಬಿದ್ದಾರ" ಎಂದು ಕರೆದುಕೊಂಡು ಹೋದ. ಈಗ ಅವನೂ ದೀಪಾವಳಿಗೆ ನಮ್ಮ ಮನೆಗೆ ಬರುವವರ ಪಟ್ಟಿಯಲ್ಲಿದ್ದಾನೆ.

ನಿಜವಾಗಿ ತಿರುಗಿ ಬಾರದವೂ ಇವೆ. ಕ್ಲಾಶ್‌ನಲ್ಲಿ ಪ್ರತಿ ಡಿಸೆಂಬರಿನಲ್ಲಿ ಹಳ್ಳಿಯ ಖಾಲಿ ಜಾಗದಲ್ಲಿ ಒಂದು ಕ್ರಿಸ್‌ಮಸ್ ಮರ ಹುಟ್ಟುತ್ತದೆ. ಕಡಿದರೆ ಒಂದಿಷ್ಟು ಸಂಪತ್ತು ಸಿಗುತ್ತದೆ, ಬಿಟ್ಟರೆ ಅದು ಅಲ್ಲೇ ನಿಂತಿರುತ್ತದೆ. ಮುಂದಿನ ವರ್ಷ ಬೇರೆಯದೇ ಮರ. ಹಾಗಾಗಿ ಹಳೆಯ ಮರ ಇರುವ ಹಳ್ಳಿ ನೋಡಿದ ಕೂಡಲೇ ಇವನು ಎಷ್ಟು ಹಳಬ ಎಂದು ಗೊತ್ತಾಗುತ್ತದೆ. ನಮ್ಮಲ್ಲಿ ಚೆನ್ನೈಯಲ್ಲಿರುವವನ ಹತ್ತಿರ 2013ರ ಮರವಿದೆ. ಅದರ ಸುತ್ತ ಕೋಟೆ ಗೋಡೆ ಕಟ್ಟಿದ್ದಾನೆ. ಖಜಾನೆಗೆ ಇಲ್ಲದ ಕಾವಲು ಮರಕ್ಕಿದೆ ಎಂದು ನಾವು ಆಡಿಕೊಳ್ಳುತ್ತೇವೆ.

ಅವನ ಅಂಕ ಎರಡು ತಿಂಗಳು ಸತತ ಸೊನ್ನೆ ಬಂತು. ಆಡದವರನ್ನು ಮೂರನೇ ತಿಂಗಳಿಗೆ ಕ್ಲ್ಯಾನಿನಿಂದ ತೆಗೆಯುವುದು ನಮ್ಮ ನಿಯಮ. ಗುಂಪಿನಲ್ಲಿ ಒಬ್ಬಿಬ್ಬರು 'ತೆಗೀರಿ, ಅಳಿಯನ್ನ ಸೇರಿಸ್ಕೊಳ್ಳೋಣ' ಎಂದರು. ಗುರುಗ್ರಾಮದವನು ಮಾತ್ರ, "ಅವನು ಸೊನ್ನೆ ಹೊಡಿಯೋನಲ್ಲ, ಏನೋ ಆಗೈತೆ" ಎಂದು ಫೋನು ಮಾಡಿದ. ಮೊದಲ ದಿನ ಎತ್ತಲಿಲ್ಲ. ಮರುದಿನ ಎತ್ತಿದ. ಕೆಲಸ ಹೋಗಿ ಏಳು ವಾರವಾಗಿತ್ತು. ಚಿತ್ರದುರ್ಗದಲ್ಲಿರುವ ಅಮ್ಮನಿಗೂ ಹೇಳಿರಲಿಲ್ಲ. ದಿನಾ ಬೆಳಿಗ್ಗೆ ಲ್ಯಾಪ್‌ಟಾಪ್ ಬ್ಯಾಗು ಹಾಕಿಕೊಂಡು ಹೊರಟು ಲೈಬ್ರರಿಯಲ್ಲಿ ಕೂತು ಬರುತ್ತಿದ್ದನಂತೆ. ಹೊಸ ವರ್ಷದ ಶುಭಾಶಯ, ಹುಟ್ಟುಹಬ್ಬ, ಎಲ್ಲಕ್ಕೂ ಗುಂಪಿನಲ್ಲಿ ಎಮೋಜಿ ಹಾಕುತ್ತಲೇ ಇದ್ದ. ಆ ಎಮೋಜಿಗಳಿಂದ ನಮಗೆ ಏನೂ ತಿಳಿಯಲಿಲ್ಲ, ಅಂಕಪಟ್ಟಿಯ ಸೊನ್ನೆಯಿಂದ ತಿಳಿಯಿತು. ಆಮೇಲಿನದು ನಮ್ಮ ವೃತ್ತಿಯಲ್ಲಿ ಎಲ್ಲರಿಗೂ ಗೊತ್ತಿರುವುದೇ. ನಾಲ್ಕು ಊರುಗಳಿಂದ ರೆಫರಲ್, ರಾತ್ರಿ ಅಣಕು ಇಂಟರ್‌ವ್ಯೂ. ಹೈದರಾಬಾದಿನವನು ಅವನ ರೆಸ್ಯೂಮೆಯನ್ನು ಮೂರು ಸಲ ತಿದ್ದಿದ. ನಾಲ್ಕನೇ ತಿಂಗಳಲ್ಲಿ ಹೊಸ ಕೆಲಸ ಸಿಕ್ಕಿತು, ಚೆನ್ನೈಯಲ್ಲೇ.

ಈಗ ನಿಯಮ ಬದಲಾಗಿದೆ. 25ನೇ ತಾರೀಕಿನ ರಾತ್ರಿಯವರೆಗೂ ಯಾರದಾದರೂ ಅಂಕ ಸೊನ್ನೆ ಇದ್ದರೆ ಅವರಿಗೆ ಮೆಸೇಜ್ ಅಲ್ಲ, ಫೋನು. ಯಾರು ಮಾಡಬೇಕೆಂದು ಸರದಿ ಇದೆ. ಹೆಚ್ಚಿನ ಸಲ 'ಲೇ, ರಿಲೀಸ್ ಐತೆ, ನಾಳೆ ಆಡ್ತೀನಿ ಬಿಡೋ' ಎಂದು ಬೈಸಿಕೊಂಡು ಇಡುತ್ತೇವೆ. ಹೋದ ತಿಂಗಳು ನನ್ನ ಸರದಿಯಲ್ಲಿ ಸಿಕ್ಕವನು ಮಗಳ ಡೆಂಗಿ ಜ್ವರಕ್ಕೆ ಆಸ್ಪತ್ರೆಯಲ್ಲಿದ್ದ. ಅವನ ಪಾಲಿನ 4,000ಕ್ಕೆ ಊರಲ್ಲಿರುವ ಇಬ್ಬರೂ ಆಡಿದರು. 50,000 ದಾಟುವಾಗ 27ರ ರಾತ್ರಿ ಹನ್ನೊಂದೂಕಾಲು.

ಕೊನೆಯದಾಗಿ, ಹಬ್ಬ ಮುಗಿದ ಮೇಲಿನ ಒಂದು ಕೆಲಸ. ಬಹುಮಾನ ತಾನಾಗಿಯೇ ಬಂದು ಬೀಳುವುದಿಲ್ಲ. ಕ್ಲ್ಯಾನ್ ಗೇಮ್ಸ್‌ನಲ್ಲಿ ಪ್ರತಿ ಹಂತಕ್ಕೆ ಒಂದನ್ನು ನಾವೇ ಆರಿಸಿಕೊಳ್ಳಬೇಕು. 4,000 ಪೂರ್ತಿ ಮಾಡಿದವರಿಗೆ ಇನ್ನೊಂದು ಹೆಚ್ಚುವರಿ. ಜೆನ್‌ಶಿನ್‌ನಂಥ ಆಟಗಳಲ್ಲಿ ಹಬ್ಬದ ನಾಣ್ಯಗಳನ್ನು ಖರ್ಚು ಮಾಡುವ ಅಂಗಡಿ ಆಟ ನಿಂತ ಮೇಲೂ ಕೆಲವು ದಿನ ತೆರೆದಿರುವುದುಂಟು. ಆ ಅಂಗಡಿ ಮುಚ್ಚುವ ತಾರೀಕನ್ನೂ ಕ್ಯಾಲೆಂಡರಿನಲ್ಲಿ ಬರೆದಿಡಿ, ನಮ್ಮ ಗಡಿಯಾರದ ಪ್ರಕಾರ.