‘ಆರವ್’ ಅಂದರೆ ಶಾಂತವೇ? ಹೆಸರಿನ ಅರ್ಥ ಪರಿಶೀಲಿಸುವ ಬಗೆ

ಮಕ್ಕಳ ಹೆಸರಿನ ಜಾಲತಾಣಗಳಲ್ಲಿ ‘ಆರವ್’ ಅಂತ ಹುಡುಕಿ ನೋಡಿ. ‘ಸಂಸ್ಕೃತ ಹೆಸರು, ಅರ್ಥ: ಶಾಂತ’ ಎಂಬ ಉತ್ತರ ಸಿಗುವುದುಂಟು. ಹೆಸರು ಸಂಸ್ಕೃತದ್ದೇ, ಅರ್ಥ ಮಾತ್ರ ತಲೆಕೆಳಗು. ‘ರವ’ ಅಂದರೆ ಸದ್ದು. ಹಕ್ಕಿಗಳ ಕಲರವ ನಮಗೆಲ್ಲ ಗೊತ್ತು. ‘ಆರವ’ಕ್ಕೂ ಕೂಗು, ಗದ್ದಲ ಎಂದೇ ಅರ್ಥ. ಸದ್ದಿಲ್ಲದ್ದು ಬೇಕಿದ್ದರೆ ‘ನೀರವ’ ಇದೆ.

ಶಾಸನದ ಪದವೊಂದಕ್ಕೆ ಅರ್ಥ ಹೇಳುವ ಮೊದಲು ನಾವು ಕೇಳುವ ಪ್ರಶ್ನೆಗಳನ್ನೇ ಇಂಥ ಹೆಸರುಗಳಿಗೂ ಕೇಳಬಹುದು.

ಮೊದಲನೆಯದು, ಮೂಲ ಅಕ್ಷರ ಯಾವುದು? ಹಳಗನ್ನಡದಲ್ಲಿ ‘ಬಾೞ್’ ಅಂದರೆ ಬದುಕು, ‘ಬಾಳ್’ ಅಂದರೆ ಕತ್ತಿ. ಒಂದು ಅಕ್ಷರ ತಪ್ಪಾಗಿ ಓದಿದರೆ ಅರ್ಥವೇ ಬೇರೆ. ರೋಮನ್ ಲಿಪಿಯಲ್ಲಿ ಬರೆದ ಹೆಸರುಗಳಲ್ಲಿ ಈ ಅಪಾಯ ಇನ್ನೂ ಹೆಚ್ಚು. ಅಲ್ಲಿ ‘ಮಾಲಾ’ ಮತ್ತು ‘ಮಲ’ ಒಂದೇ ಥರ ಕಾಣುತ್ತವೆ! ‘ಕಿಯಾರಾ’ ಇನ್ನೊಂದು ಉದಾಹರಣೆ. ಇಟಲಿಯಲ್ಲಿ ಹೀಗೆ ಉಚ್ಚರಿಸುವ ಹೆಸರಿನ ಮೂಲ ಲ್ಯಾಟಿನ್. ಅರ್ಥ ‘ಬೆಳಗುವ, ಸ್ಪಷ್ಟ’. ಐರ್ಲೆಂಡಿನ ‘ಕೀರಾ’ಗೆ ಮೂಲ ‘ಕಪ್ಪು’ ಎಂಬ ಅರ್ಥದ ಐರಿಶ್ ಪದ. ಬರಹದಲ್ಲಿ ಅಕ್ಕಪಕ್ಕ ಬರುವ ಈ ಎರಡನ್ನೂ ಬೆರೆಸಿ ‘ಕಪ್ಪು ಮತ್ತು ಬೆಳಕು’ ಎಂದು ಒಂದೇ ಹೆಸರಿಗೆ ಅರ್ಥ ಕೊಟ್ಟರೆ ಹೇಗೆ?

ಎರಡನೆಯದು, ಅದರ ಜೊತೆಗಾರ ಹೆಸರುಗಳು ಯಾವುವು? ‘ಶಾಂತಲಾ’ ಅಂದರೆ ಪಾರ್ವತಿ ಅಂತ ಬರೆಯುವವರಿದ್ದಾರೆ. ಆದರೆ ಹೊಯ್ಸಳ, ಚಾಲುಕ್ಯ ಶಾಸನಗಳಲ್ಲಿ ಏಚಲದೇವಿ, ಬಾಚಲದೇವಿ, ಚಂದಲದೇವಿ, ಮೈಲಲದೇವಿ ಎಲ್ಲರೂ ಸಿಗುತ್ತಾರೆ. ವಿಷ್ಣುವರ್ಧನನ ರಾಣಿ ಶಾಂತಲದೇವಿ ಈ ಸಾಲಿನವಳು. ‘ಶಾಂತ’ಕ್ಕೆ ಆ ಕಾಲದ ಹೆಣ್ಣುಹೆಸರುಗಳ ‘-ಅಲ’ ಎಂಬ ಕೊನೆ ಸೇರಿದೆ. ಹಾಗೆಯೇ ಲಕ್ಕುಂಡಿಯಲ್ಲಿ ಬಸದಿ ಕಟ್ಟಿಸಿದ ಅತ್ತಿಮಬ್ಬೆ, 1057ರ ಬೆಳತೂರು ಶಾಸನದ ದೇಕಬ್ಬೆ. ಇಬ್ಬರ ಹೆಸರಲ್ಲೂ ಇರುವ ‘ಅಬ್ಬೆ’ ಅಂದರೆ ತಾಯಿ. ಗೌರವಕ್ಕೆ ಸೇರಿಸುವ ಮಾತು. ಇದನ್ನು ಬಿಡಿಸಿಕೊಳ್ಳದೆ ಇಡೀ ಹೆಸರಿಗೆ ಸಂಸ್ಕೃತ ಧಾತು ಹುಡುಕಿದರೆ ದಾರಿ ತಪ್ಪುವುದು ಖಂಡಿತ.

ಮೂರನೆಯದು, ಅರ್ಥ ನಿಜಕ್ಕೂ ತೀರ್ಮಾನವಾಗಿದೆಯೇ? ಪುಲಕೇಶಿಯನ್ನೇ ತಗೊಳ್ಳಿ. ಕ್ರಿ.ಶ. 634–35ರ ಐಹೊಳೆ ಶಾಸನದಲ್ಲಿ ಹೊಗಳಿಸಿಕೊಂಡ ಚಕ್ರವರ್ತಿ. ಆದರೂ ಶಾಸನಗಳಲ್ಲಿ ಪೊಲೆಕೇಶಿ, ಪುಲಿಕೇಶಿ, ಪುಲಕೇಶಿ ಎಂಬ ರೂಪಗಳು ಬರುತ್ತವೆ. ಫ್ಲೀಟ್ ಅವರು ಇದನ್ನು ಕನ್ನಡ-ಸಂಸ್ಕೃತ ಬೆರಕೆ ಎಂದು ನೋಡಿ ‘ಹುಲಿಯಂಥ ಕೂದಲುಳ್ಳವನು’ ಎಂದರು. ನೀಲಕಂಠ ಶಾಸ್ತ್ರಿಗಳು ‘ಮಹಾಸಿಂಹ’ ಎಂದರು. ಇಂಥ ಕಡೆ ಎರಡನ್ನೂ ಹೇಳಿ ಸುಮ್ಮನಾಗುವುದೇ ಸರಿ. ಒಂದೇ ಸಾಲಿನಲ್ಲಿ ‘ಅರ್ಥ: ಇದು’ ಅಂತ ತೀರ್ಪು ಕೊಡುವ ಪಟ್ಟಿಯನ್ನು ನಂಬಬೇಡಿ.

ಪರಿಶೀಲನೆ ಕಷ್ಟವೇನಲ್ಲ. ಸಂಸ್ಕೃತ ಎಂದರೆ ಮೋನಿಯರ್ ವಿಲಿಯಮ್ಸ್ ನಿಘಂಟು ನೋಡಿ. ಕನ್ನಡ ಎಂದರೆ ಕಿಟೆಲ್, ಆಮೇಲೆ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟು. ಅದರಲ್ಲಿ ಶಾಸನ ಪ್ರಯೋಗಗಳೂ ಇವೆ. ‘ಶಾಸನದಲ್ಲಿದೆ’ ಅಂದವರಿಗೆ ಯಾವ ಊರು, ಎಪಿಗ್ರಾಫಿಯ ಕರ್ನಾಟಿಕದ ಯಾವ ಸಂಪುಟ, ಎಷ್ಟನೇ ಶಾಸನ ಎಂದು ಕೇಳಿ. ‘ರಿಯಾಂಶ್’ನಲ್ಲಿ ‘ಅಂಶ’ ಸಂಸ್ಕೃತ, ಸರಿ. ಮುಂದಿನ ‘ರಿಯ’ ಯಾವ ಪದ ಎಂದೂ ಕೇಳಬೇಕು.

ಹೊಸದಾಗಿ ಕಟ್ಟಿದ ಹೆಸರು ಇಡಬಾರದು ಅಂತಲ್ಲ. ‘ಕೇಳೋಕೆ ಚೆಂದ ಇತ್ತು, ಇಟ್ಟೆವು’ ಅನ್ನುವುದು ಪೂರ್ತಿ ಪ್ರಾಮಾಣಿಕ ಉತ್ತರ. ತೊಂದರೆ ಇರುವುದು ಇಲ್ಲದ ಪ್ರಾಚೀನತೆ ಅಂಟಿಸುವುದರಲ್ಲಿ. ಮಗು ದೊಡ್ಡದಾಗಿ ತನ್ನ ಹೆಸರಿನ ಅರ್ಥವನ್ನು ತಾನೇ ನಿಘಂಟಿನಲ್ಲಿ ಹುಡುಕುತ್ತದೆ. ಆಗ ಅಪ್ಪ ಅಮ್ಮ ಹೇಳಿದ್ದೇ ಅಲ್ಲೂ ಸಿಗಬೇಕಲ್ಲ?